ಕ್ಯಾಸೆಟ್ ಕೊಡಿ, ‘ಕ್ಲಿಯರ್’ ಬೇಡ ಅನ್ನಿ: ಬಳ್ಳಾರಿಯ ಒಂದು ವಿಡಿಯೊ ಅಂಗಡಿಯ ವಿಮರ್ಶೆ

ಬಳ್ಳಾರಿಯ ಬೆಂಗಳೂರು ರಸ್ತೆಯಿಂದ ಒಳಕ್ಕೆ ಹೋಗುವ ಗಲ್ಲಿಯೊಂದರಲ್ಲಿ ಈ ಸ್ಟುಡಿಯೊ ಇದೆ. ಬೋರ್ಡಿನ ತುಂಬ ಮದುವೆ ಆಲ್ಬಮ್, ಡ್ರೋನ್, ಪಾಸ್‌ಪೋರ್ಟ್ ಫೋಟೊ. ‘ಹಳೆ ಕ್ಯಾಸೆಟ್‌ನಿಂದ ಪೆನ್‌ಡ್ರೈವ್‌ಗೆ’ ಅನ್ನುವ ಸಾಲು ಎಲ್ಲಕ್ಕಿಂತ ಕೆಳಗೆ, ಸಣ್ಣ ಅಕ್ಷರದಲ್ಲಿದೆ. ಹಳೆಯ ದೃಶ್ಯಗಳನ್ನು ಕೂಡಿಹಾಕಿ ಡಾಕ್ಯುಮೆಂಟರಿ ಮಾಡುವವರಿಗೆ ಬೇಕಾದದ್ದು ಆ ಕೊನೆಯ ಸಾಲೇ. ಅಂಗಡಿಯ ಹೆಸರು ಇಲ್ಲಿ ಹಾಕಿಲ್ಲ. ಇಂಥ ಕೆಲಸ ಹಿಡಿಯುವವರು ಊರಲ್ಲಿ ಬೆರಳೆಣಿಕೆಯಷ್ಟು ಮಂದಿ, ಮತ್ತು ಇಲ್ಲಿ ಕಂಡ ತಪ್ಪುಗಳು ರಾಯಚೂರು, ಕೊಪ್ಪಳ, ಗಂಗಾವತಿ ಎಲ್ಲ ಕಡೆಯ ಮದುವೆ ಸ್ಟುಡಿಯೊಗಳಲ್ಲೂ ಕಾಣುವಂಥವೇ.

ತೀರ್ಪು ಮೊದಲೇ ಹೇಳಿಬಿಡುತ್ತೇವೆ. ಟೇಪನ್ನು ಬಿಚ್ಚುವುದು, ಒರೆಸುವುದು, ಓಡಿಸುವುದು ಇದರಲ್ಲಿ ಈ ಅಂಗಡಿಯ ಕೈ ಪಳಗಿದೆ. ಟೇಪಿನಿಂದ ಚಿತ್ರ ಹೊರಬಂದ ಮೇಲೆ ಕಂಪ್ಯೂಟರಿನಲ್ಲಿ ಅದಕ್ಕೆ ಮಾಡುವ ಉಪಚಾರ ಮಾತ್ರ ಕೆಟ್ಟದ್ದು. ಹಾಗಾಗಿ ಮೊದಲನೆಯದನ್ನು ಮಾಡಿಸಿಕೊಂಡು ಎರಡನೆಯದನ್ನು ಬೇಡ ಅಂದುಬಿಡಬೇಕು. ಹೇಗೆ ಅನ್ನಬೇಕು ಎಂಬುದೇ ಈ ಬರಹದ ಬಹುಪಾಲು.

ಈ ಜಿಲ್ಲೆಯ ಕ್ಯಾಸೆಟ್‌ಗಳಿಗೆ ಇಷ್ಟು ತಲೆಕೆಡಿಸಿಕೊಳ್ಳಬೇಕೇ ಅಂದರೆ, ಬೇಕು. 1999ರ ಲೋಕಸಭಾ ಚುನಾವಣೆಯಲ್ಲಿ ಸೋನಿಯಾ ಗಾಂಧಿ, ಸುಷ್ಮಾ ಸ್ವರಾಜ್ ಇಬ್ಬರೂ ಬಳ್ಳಾರಿಗೆ ಬಂದು ನಿಂತಾಗ ದೆಹಲಿಯ ಚಾನೆಲ್‌ಗಳು ತೆಗೆದದ್ದು ದೊಡ್ಡ ವೇದಿಕೆಯ ಭಾಷಣ. ಸುಷ್ಮಾ ಕನ್ನಡದಲ್ಲಿ ಮಾತಾಡಿದ್ದು, ಸೋನಿಯಾ 56 ಸಾವಿರ ಚಿಲ್ಲರೆ ಮತಗಳಿಂದ ಗೆದ್ದದ್ದು ಎಲ್ಲರಿಗೂ ಗೊತ್ತು. ಆದರೆ ಹಳ್ಳಿ ಹಳ್ಳಿಯ ಸಣ್ಣ ಸಭೆ, ಟ್ರ್ಯಾಕ್ಟರಿನಲ್ಲಿ ಬಂದ ಜನ, ಸಭೆ ಮುಗಿದ ಮೇಲಿನ ಖಾಲಿ ಮೈದಾನ ಇಂಥವು ಇದ್ದರೆ ಊರಿನ ಮದುವೆ ವಿಡಿಯೊಗ್ರಾಫರ್‌ಗಳ ಕ್ಯಾಸೆಟ್‌ನಲ್ಲೇ ಇರಬೇಕು. ಜಾತ್ರೆ, ಉರುಸು, ತುಂಗಭದ್ರಾ ಕಾಲುವೆಯ ರೈತರ ಧರಣಿ, ಅದಿರು ಲಾರಿಗಳ ಸಾಲು ಇವುಗಳ ಕಥೆಯೂ ಅಷ್ಟೇ. ಇವಕ್ಕೆ ಬೇರೆ ಪ್ರತಿ ಇರುವುದಿಲ್ಲ. ಅಂಗಡಿಯಲ್ಲಿ ಕೆಟ್ಟರೆ ಹೋಯಿತು.

ಕೆಲಸ ಪರೀಕ್ಷಿಸಲು ಕೊಟ್ಟದ್ದು 11 ಕ್ಯಾಸೆಟ್: ಆರು ವಿಎಚ್‌ಎಸ್ (ವಿಸಿಆರ್‌ಗೆ ಹಾಕುವ ದೊಡ್ಡ ಕ್ಯಾಸೆಟ್), ನಾಲ್ಕು ಮಿನಿ ಡಿವಿ, ಒಂದು ಹೈ-8 (ಇವೆರಡೂ ಕ್ಯಾಮೆರಾಗೆ ಹಾಕುವ ಸಣ್ಣ ಕ್ಯಾಸೆಟ್). ವಿಎಚ್‌ಎಸ್‌ನಲ್ಲಿ ಎರಡಕ್ಕೆ ಬೂಷ್ಟು ಹಿಡಿದಿತ್ತು, ಒಂದರ ಟೇಪ್ ನಡುವೆ ತುಂಡಾಗಿತ್ತು.

ಕ್ಯಾಸೆಟ್‌ನ ಕಿಟಕಿಯಲ್ಲಿ ನೋಡಿದರೆ ಸುರುಳಿಯ ಅಂಚಿನ ಮೇಲೆ ಬಿಳಿ ಪುಡಿ ಚಕ್ರದ ಹಾಗೆ ಕಾಣುತ್ತದೆ, ಅದೇ ಬೂಷ್ಟು. ಬಳ್ಳಾರಿಯ ಒಣ ಹವೆಗೆ ಅದೆಲ್ಲಿಂದ ಬಂತು ಅನ್ನಬೇಡಿ. ಗೋಡೆ ಒದ್ದೆಯಾಗುವ ಮನೆಯ ಅಟ್ಟದ ಮೇಲೆ, ಪ್ಲಾಸ್ಟಿಕ್ ಚೀಲದಲ್ಲಿ ಬಾಯಿ ಕಟ್ಟಿಟ್ಟರೆ ಒಂದೇ ಮಳೆಗಾಲ ಸಾಕು. ಇಂಥ ಕ್ಯಾಸೆಟ್ಟನ್ನು ನೇರ ವಿಸಿಆರ್‌ಗೆ ತುರುಕಿದರೆ ಪುಡಿ ಹೆಡ್‌ಗೆ, ಅಂದರೆ ಟೇಪನ್ನು ಓದುವ ಭಾಗಕ್ಕೆ, ಮೆತ್ತಿ, ಅದಾದ ಮೇಲೆ ಹಾಕಿದ ಒಳ್ಳೆಯ ಕ್ಯಾಸೆಟ್‌ಗೂ ದಾಟುತ್ತದೆ. ಈ ಅಂಗಡಿಯಲ್ಲಿ ಬೂಷ್ಟಿನ ಕ್ಯಾಸೆಟ್‌ಗೆಂದೇ ಒಂದು ಕೆಟ್ಟ ವಿಸಿಆರ್ ಇಟ್ಟಿದ್ದಾರೆ. ಅದು ಚಿತ್ರ ತೋರಿಸುವುದಿಲ್ಲ, ಸುತ್ತಲು ಮಾತ್ರ. ಮೇಲಿನ ಮುಚ್ಚಳ ತೆಗೆದು, ಟೇಪ್ ಓಡುವ ದಾರಿಯಲ್ಲಿ ನೂಲು ಬಿಡದ ಒಣ ಬಟ್ಟೆ ಹಿಡಿದು, ನಿಧಾನವಾಗಿ ಒಮ್ಮೆ ಮುಂದಕ್ಕೆ ಒಮ್ಮೆ ಹಿಂದಕ್ಕೆ ಸುತ್ತುತ್ತಾರೆ. ಪ್ರತಿ ಸುತ್ತಿಗೂ ಬಟ್ಟೆಯ ಹೊಸ ಜಾಗ. ಅಂಗಡಿಯವರು ಆಗ ಮಾಸ್ಕ್ ಹಾಕಿಕೊಂಡಿದ್ದರು, ಅದೂ ಸರಿಯೇ, ಆ ಪುಡಿ ಎದೆಗೆ ಒಳ್ಳೆಯದಲ್ಲ.

ತುಂಡಾದ ಟೇಪಿನ ಕೆಲಸ ಇನ್ನೂ ಚೆನ್ನಾಗಿತ್ತು. ವಿಎಚ್‌ಎಸ್ ಡಬ್ಬಿಯ ಹಿಂಬದಿಯಲ್ಲಿ ಐದು ಸ್ಕ್ರೂ ಇರುತ್ತವೆ. ಬಿಚ್ಚುವಾಗ ಡಬ್ಬಿ ಅಂಗಾತ ಇರಬಾರದು, ಸ್ಕ್ರೂ ಮೇಲ್ಮುಖವಾಗಿಟ್ಟು ತೆಗೆದು, ಎರಡೂ ಭಾಗ ಕೈಯಲ್ಲಿ ಹಿಡಿದೇ ತಿರುಗಿಸಿ ಮೇಲಿನ ಭಾಗ ಎತ್ತಬೇಕು. ಇಲ್ಲದಿದ್ದರೆ ರೋಲರ್, ಬಾಗಿಲಿನ ಸ್ಪ್ರಿಂಗ್ ಹಾರಿ ಮೂಲೆ ಸೇರುತ್ತವೆ. ಹರಿದ ಎರಡು ತುದಿಯ ಸುಕ್ಕಾದ ಭಾಗ ಕತ್ತರಿಸಿ, ಓರೆಯಾಗಿ ಜೋಡಿಸಿ, ಒಳಮುಖಕ್ಕೆ, ಅಂದರೆ ಹೆಡ್‌ಗೆ ತಾಗದ ಬೆನ್ನಿಗೆ, ಜೋಡಿಸಲೆಂದೇ ಇರುವ ಸ್ಪ್ಲೈಸಿಂಗ್ ಟೇಪ್ ಅಂಟಿಸಿದರು. ಸೆಲ್ಲೊಟೇಪ್ ಹಾಕಿದ್ದರೆ ಅದರ ಗೋಂದು ಬಿಸಿಗೆ ಜಾರಿ ಹೆಡ್‌ಗೆ ಮೆತ್ತುತ್ತಿತ್ತು. ಪಾಲ್ (ನಮ್ಮ ಕಡೆಯ ಟಿವಿ ಪದ್ಧತಿ) ವಿಸಿಆರ್‌ನಲ್ಲಿ ಹೆಡ್ ಕೂರಿಸಿದ ಡ್ರಮ್ ನಿಮಿಷಕ್ಕೆ 1500 ಸುತ್ತು ತಿರುಗುತ್ತದೆ. ಅಷ್ಟು ವೇಗದಲ್ಲಿ ಒಂದು ಚೂರು ಗೋಂದು ಸಿಕ್ಕರೂ ಹೆಡ್ ಮುರಿಯಬಹುದು. ಕತ್ತರಿಸಿದ ಚೂರಿನ ಜೊತೆ ಒಂದಷ್ಟು ಚಿತ್ರ ಹೋಗುತ್ತದೆ, ಎಷ್ಟು ಎಂದು ಅವರು ಚೀಟಿಯಲ್ಲಿ ಬರೆದೂ ಕೊಟ್ಟರು. ಇದನ್ನು ಬರೆದುಕೊಡುವ ಅಂಗಡಿ ಅಪರೂಪ. ಒಂದೇ ಕೊರತೆ: ಟೇಪ್ ಹಿಡಿದ ಕೈಗೆ ಗ್ಲೌಸ್ ಇರಲಿಲ್ಲ, ಪಕ್ಕದ ಕಾಗದದಲ್ಲಿ ಒಗ್ಗರಣೆ ಮಿರ್ಚಿ ಇತ್ತು. ಎಣ್ಣೆ ಬೆರಳು ಟೇಪಿಗೆ ತಾಗಿದ ಜಾಗ ಪರದೆಯ ಮೇಲೆ ಬಿಳಿ ಗೆರೆಯಾಗಿ ಕಾಣುತ್ತದೆ. ಕೇಳಿದ ಮೇಲೆ ಕೈ ತೊಳೆದು ಬಂದರು ಅನ್ನುವುದೂ ನಿಜ.

ಓಡಿಸುವ ವಿಸಿಆರ್ ಎಸ್-ವಿಡಿಯೊ ಪಿನ್ ಇರುವಂಥದು. ಹಳದಿ ಪಿನ್‌ನಲ್ಲಿ ಬೆಳಕು, ಬಣ್ಣ ಎರಡೂ ಬೆರೆತು ಬರುತ್ತವೆ. ಬಣ್ಣದ ಅಂಚಿನಲ್ಲಿ ಚುಕ್ಕಿಗಳು ಇರುವೆ ಹರಿದ ಹಾಗೆ ಹರಿಯುವುದು ಅದಕ್ಕೇ. ಎಸ್-ವಿಡಿಯೊ ಎರಡನ್ನೂ ಬೇರೆ ಬೇರೆ ತರುತ್ತದೆ. ವಿಸಿಆರ್ ಮತ್ತು ಕಂಪ್ಯೂಟರ್ ನಡುವೆ ಒಂದು ಹಳೆ ಡಿವಿಡಿ ರೆಕಾರ್ಡರ್ ಕೂರಿಸಿದ್ದಾರೆ. ಅದು ರೆಕಾರ್ಡ್ ಮಾಡಲು ಅಲ್ಲ, ಸಿಗ್ನಲ್ ಅದರ ಮೂಲಕ ಹಾದು ಹೋಗಲಿ ಅಂತ. ಟೇಪ್ ಎಳೆದು ಬಾಗಿದಾಗ ಚಿತ್ರದ ಮೇಲ್ಭಾಗ ಬಾವುಟದ ಹಾಗೆ ಒಂದು ಕಡೆಗೆ ವಾಲುತ್ತದಲ್ಲ, ಕೆಲವು ಡಿವಿಡಿ ರೆಕಾರ್ಡರ್‌ಗಳ ಒಳಗಿನ ಸರ್ಕ್ಯೂಟ್ ಅದನ್ನು ನೆಟ್ಟಗೆ ಮಾಡುತ್ತದೆ. ಟೈಮ್ ಬೇಸ್ ಕರೆಕ್ಟರ್ ಎಂಬ ದುಬಾರಿ ಪೆಟ್ಟಿಗೆ ಇಲ್ಲದ ಕಡೆ ಇದೇ ಬಡವರ ಉಪಾಯ. ಮದುವೆ ಸ್ಟುಡಿಯೊದಲ್ಲಿ ಇದನ್ನು ನಿರೀಕ್ಷಿಸಿರಲಿಲ್ಲ. ಟ್ರ್ಯಾಕಿಂಗ್, ಅಂದರೆ ಟೇಪಿಗೆ ಹೆಡ್ ಹೊಂದಿಸುವುದು, ಕೂಡ ಒಮ್ಮೆ ಕೂರಿಸಿ ಬಿಡುವುದಿಲ್ಲ. ಒಂದೇ ಕ್ಯಾಸೆಟ್‌ನಲ್ಲಿ ಎರಡು ಕ್ಯಾಮೆರಾದ ಶೂಟಿಂಗ್ ಇದ್ದರೆ ಪ್ರತಿ ಸಲ ಗೆರೆ ಕಂಡಾಗ ತಿರುಗಿಸಿ, ಆ ಭಾಗವನ್ನು ಮತ್ತೆ ಹಿಂದಿನಿಂದ ತೆಗೆದರು.

ಇಲ್ಲಿ ಧ್ವನಿಯ ಬಗ್ಗೆ ಒಂದು ಮಾತು, ಗೊತ್ತಿರುವವರು ಕಡಿಮೆ. ಹೈ-ಫೈ ವಿಎಚ್‌ಎಸ್‌ನಲ್ಲಿ ಧ್ವನಿ ಎರಡು ಕಡೆ ಇರುತ್ತದೆ: ಟೇಪಿನ ಅಂಚಿನ ಸಾದಾ ಟ್ರ್ಯಾಕ್‌ನಲ್ಲಿ ಒಂದು, ಚಿತ್ರದ ಜೊತೆಗೇ ತಿರುಗುವ ಹೆಡ್ ಬರೆದ ಹೈ-ಫೈ ಟ್ರ್ಯಾಕ್‌ನಲ್ಲಿ ಇನ್ನೊಂದು. ಆಗಿನ ಸ್ಟುಡಿಯೊಗಳು ಮೆರವಣಿಗೆ, ಮದುವೆ ಎಲ್ಲದರ ಮೇಲೂ ಸಿನಿಮಾ ಹಾಡು ಹಾಕುತ್ತಿದ್ದವು. ಎಡಿಟ್ ಮಾಡಿ ಬೇರೆ ಕ್ಯಾಸೆಟ್‌ಗೆ ಇಳಿಸಿದ್ದರೆ ಮೂಲ ಧ್ವನಿ ಹೋಯಿತು. ಆದರೆ ಅದೇ ಕ್ಯಾಸೆಟ್ಟಿನ ಮೇಲೆ ಆಡಿಯೊ ಡಬ್ ಗುಂಡಿ ಒತ್ತಿ ಹಾಡು ಹಾಕಿದ್ದರೆ ಅಳಿಸಿಹೋಗಿರುವುದು ಅಂಚಿನ ಟ್ರ್ಯಾಕ್ ಮಾತ್ರ. ಹೈ-ಫೈನಲ್ಲಿ ಜನರ ಮಾತು, ಡೊಳ್ಳು, ಘೋಷಣೆ ಹಾಗೇ ಉಳಿದಿರುತ್ತದೆ. ವಿಸಿಆರ್‌ನಲ್ಲಿ ಹೈ-ಫೈ, ನಾರ್ಮಲ್, ಮಿಕ್ಸ್ ಅಂತ ಆಯ್ಕೆ ಇರುತ್ತದೆ. ನಮ್ಮ ಆರು ಕ್ಯಾಸೆಟ್‌ಗಳಲ್ಲಿ ಒಂದಕ್ಕೆ ಅಂಗಡಿಯವರು ಮಿಕ್ಸ್‌ನಲ್ಲಿ ಬಿಟ್ಟಿದ್ದರಿಂದ ಹಾಡಿನ ಹಿಂದೆ ಗುಜುಗುಜು ಕೇಳಿತು. ಹೈ-ಫೈಗೆ ತಿರುಗಿಸಿ ಮತ್ತೆ ಓಡಿಸಿದಾಗ ಹಾಡು ಮಾಯವಾಗಿ ಸಭೆಯ ಧ್ವನಿ ಶುದ್ಧವಾಗಿ ಬಂತು. ಪ್ರತಿ ಕ್ಯಾಸೆಟ್‌ನ ಮೊದಲ ಐದು ನಿಮಿಷ ಎರಡೂ ಟ್ರ್ಯಾಕ್ ಕೇಳಿ ನೋಡಿ ಎಂದು ಮೊದಲೇ ಹೇಳಿ.

ಇನ್ನು ಕೆಟ್ಟ ಭಾಗ. “ಸಾರ್, ಸುಮ್ನೆ ಹಂಗೇ ಕೊಡಲ್ರಿ, ಕ್ಲಿಯರ್ ಮಾಡಿ ಎಚ್‌ಡಿ ಮಾಡಿ ಕೊಡ್ತೀವಿ” ಅನ್ನುವುದು ಅಂಗಡಿಯವರ ಪ್ರೀತಿಯ ಮಾತು. ಮದುವೆ ಮನೆಯವರಿಗೆ ಅದು ಇಷ್ಟವೂ ಆಗುತ್ತದೆ. ಡಾಕ್ಯುಮೆಂಟರಿಗೆ ಅದೇ ವಿಷ. ಮೊದಲ ಕಂತಿನ ಫೈಲ್‌ಗಳಲ್ಲಿ ಆದದ್ದು ಇಷ್ಟು.

ಹಳೆ ಟಿವಿ ಅಳತೆಯ 4:3 ಚಿತ್ರವನ್ನು ಎಳೆದು ಈಗಿನ ಅಗಲ ಟಿವಿಯ 16:9 ಮಾಡಿದ್ದರು. ಭಾಷಣ ಮಾಡುವವರ ಮುಖ ಜೋಳದ ರೊಟ್ಟಿಯಷ್ಟು ಅಗಲ. ಪಾಲ್ ಚಿತ್ರದಲ್ಲಿ ಸೆಕೆಂಡಿಗೆ 25 ಫ್ರೇಮ್, ಒಂದೊಂದು ಫ್ರೇಮ್‌ನಲ್ಲಿ ಎರಡು ಫೀಲ್ಡ್, ಅಂದರೆ 50 ಅರ್ಧ ಚಿತ್ರ; ಇದಕ್ಕೇ ಇಂಟರ್‌ಲೇಸ್ ಅನ್ನುವುದು. ಕಂಪ್ಯೂಟರಿನಲ್ಲಿ ಬಾಚಣಿಗೆ ಹಲ್ಲಿನಂಥ ಗೆರೆ ಕಾಣುತ್ತದೆಂದು ಒಂದು ಫೀಲ್ಡನ್ನು ಎಸೆದಿದ್ದರು. 576 ಗೆರೆಯಲ್ಲಿ ಉಳಿದದ್ದು 288. ತಂತಿ, ಬಾವುಟದ ಕೋಲು, ಓರೆ ಗೆರೆ ಎಲ್ಲ ಮೆಟ್ಟಿಲಾದವು, ಓಡುವ ಮಗು ಜರ್ಕ್ ಹೊಡೆಯಿತು. ಬೆಳಕು ಏರಿಸಿದ್ದರಿಂದ ನಡು ಮಧ್ಯಾಹ್ನದ ಬಿಸಿಲಿನಲ್ಲಿ ನಿಂತ ಬಿಳಿ ಖಾದಿ ಅಂಗಿಗಳು ಬರೀ ಬಿಳಿ ಕಾಗದ; ಮಡಿಕೆ, ಜೇಬು, ಬ್ಯಾಡ್ಜ್ ಒಂದೂ ಇಲ್ಲ. ಹೀಗೆ ಸುಟ್ಟ ಬಿಳಿಯನ್ನು ಆಮೇಲೆ ಎಷ್ಟು ಇಳಿಸಿದರೂ ಬೂದಿ ಬಣ್ಣ ಬರುತ್ತದೆಯೇ ಹೊರತು ಅಂಗಿ ಬರುವುದಿಲ್ಲ.

ಎಲ್ಲಕ್ಕಿಂತ ಕೆಟ್ಟದ್ದು ಎಐ ಅಪ್‌ಸ್ಕೇಲ್, ಅಂದರೆ ಇಲ್ಲದ ವಿವರವನ್ನು ಯಂತ್ರವೇ ಊಹಿಸಿ ಚಿತ್ರ ಹಿಗ್ಗಿಸುವುದು. ವೇದಿಕೆಯ ಹಿಂದಿನ ಬಟ್ಟೆ ಬ್ಯಾನರ್ ನೋಡಿ: ಮೂಲದಲ್ಲಿ ಮಸುಕಾಗಿದ್ದರೂ ‘ಸ್ವಾಗತ’ ಎಂದು ಓದಬಹುದಿತ್ತು. ಅಪ್‌ಸ್ಕೇಲ್ ಆದ ಪ್ರತಿಯಲ್ಲಿ ಅಕ್ಷರಗಳು ಚೂಪಾಗಿವೆ, ಹೊಳೆಯುತ್ತಿವೆ, ಆದರೆ ಅವು ಕನ್ನಡವೂ ಅಲ್ಲ ತೆಲುಗೂ ಅಲ್ಲ, ಯಾವ ಲಿಪಿಯೂ ಅಲ್ಲ. ಹಿಂದಿನ ಸಾಲಿನ ಜನರಿಗೆ ಯಂತ್ರ ತಾನೇ ಕಣ್ಣು ಮೂಗು ಬರೆದಿದೆ. ಇದು ದಾಖಲೆ ಎಂದು ತೆರೆಯ ಮೇಲೆ ತೋರಿಸುವ ಚಿತ್ರ. ಇಲ್ಲದ ಮುಖವನ್ನು ಇತ್ತು ಎಂದು ತೋರಿಸಿದರೆ ಅದಕ್ಕೆ ಬೇರೆ ಹೆಸರಿದೆ.

ಅಂಗಡಿಯವರ ಮೇಲೆ ಸಿಟ್ಟು ಮಾಡಿ ಪ್ರಯೋಜನವಿಲ್ಲ, ಅವರ ಗಿರಾಕಿಗಳಲ್ಲಿ ನೂರಕ್ಕೆ ತೊಂಬತ್ತು ಮಂದಿ ಕೇಳುವುದೇ ಅದನ್ನು. ಎರಡನೇ ಕಂತಿಗೆ ಒಂದು ಚೀಟಿ ಬರೆದು ಕ್ಯಾಸೆಟ್ ಡಬ್ಬದ ಜೊತೆ ರಬ್ಬರ್ ಬ್ಯಾಂಡ್ ಹಾಕಿ ಕೊಟ್ಟಾಗ ಕೆಲಸ ಸರಿಯಾಗಿ ಬಂತು. ಆ ಚೀಟಿಯಲ್ಲಿ ಇದ್ದದ್ದು: “720×576, 25 ಫ್ರೇಮ್, ಇಂಟರ್‌ಲೇಸ್ ಹಾಗೇ ಇರಲಿ. 4:3. ಕಟ್ಟಿಂಗ್ ಬೇಡ, ಕೆಳಗಿನ ಗೆರೆಯೂ ಇರಲಿ. ಬೆಳಕು, ಶಾರ್ಪ್, ಎಚ್‌ಡಿ, ಸ್ಟುಡಿಯೊ ಲೋಗೊ, ಹಾಡು ಯಾವುದೂ ಬೇಡ. ಆಡಿಯೊ 48 ಸಾವಿರ, ಪಿಸಿಎಂ. ಎಫ್‌ಎಫ್‌ವಿ1, ಎಂಕೆವಿ ಫೈಲ್. ಖಾಲಿ ಭಾಗ ಬಂದರೂ ನಿಲ್ಲಿಸಬೇಡಿ, ಟೇಪ್ ಮುಗಿಯುವ ತನಕ ಓಡಿಸಿ.” ಕೊನೆಯ ವಾಕ್ಯ ಯಾಕೆಂದರೆ ಹತ್ತು ನಿಮಿಷ ನೀಲಿ ಪರದೆ ಆದಮೇಲೆ ಹಳೆಯ ಶೂಟಿಂಗಿನ ತುಂಡು ಉಳಿದಿರುವುದು ತೀರ ಸಾಮಾನ್ಯ. ಕೆಳಗಿನ ಗೆರೆ ಅಂದರೆ ಹೆಡ್ ಬದಲಾಗುವಾಗ ಚಿತ್ರದ ತಳದಲ್ಲಿ ಕಾಣುವ ಒಡಕು. ಅದನ್ನು ಎಡಿಟ್‌ನಲ್ಲಿ ಮುಚ್ಚಬಹುದು, ಮೂಲ ಫೈಲಿನಲ್ಲಿ ಇರಲಿ.

ಪಿಸಿಎಂ ಅಂದರೆ ಕುಗ್ಗಿಸದ ಧ್ವನಿ, 48 ಸಾವಿರ ಅಂದರೆ ಸೆಕೆಂಡಿಗೆ ಅಷ್ಟು ಮಾದರಿ. ಎಂಕೆವಿ ಎಂಪಿ4ನಂತೆ ಫೈಲಿನ ಒಂದು ಬಗೆ. ಎಫ್‌ಎಫ್‌ವಿ1 ಚಿತ್ರವನ್ನು ಕುಗ್ಗಿಸಿದರೂ ಏನೂ ಕಳೆಯದ ಪದ್ಧತಿ, ಸಾಫ್ಟ್‌ವೇರ್ ಉಚಿತ. ಏನೂ ಕುಗ್ಗಿಸದೆ ಇಟ್ಟರೆ ಈ ಅಳತೆಯ ಚಿತ್ರ ಗಂಟೆಗೆ 75 ಜಿಬಿ ಹತ್ತಿರ ಹೋಗುತ್ತದೆ, ಎಫ್‌ಎಫ್‌ವಿ1ನಲ್ಲಿ ಸುಮಾರು ಅದರ ಅರ್ಧ. ಮೂರು ಗಂಟೆಯ ಇ-180 ಕ್ಯಾಸೆಟ್ ಒಂದಕ್ಕೇ ನೂರು ಜಿಬಿ ಮೇಲೆ ಜಾಗ ಇಟ್ಟುಕೊಳ್ಳಿ. ಅಂಗಡಿಯವರ ಪೆನ್‌ಡ್ರೈವ್ ನಂಬಬೇಡಿ, ನಿಮ್ಮ ಹಾರ್ಡ್ ಡಿಸ್ಕ್ ಒಯ್ದು ಅದನ್ನು ಎಕ್ಸ್‌ಫ್ಯಾಟ್ ಎಂಬ ಡಿಸ್ಕ್ ಪದ್ಧತಿಗೆ ಫಾರ್ಮ್ಯಾಟ್ ಮಾಡಿರಿ. ಫ್ಯಾಟ್-32 ಆದರೆ ಒಂದು ಫೈಲ್ 4 ಜಿಬಿ ದಾಟುವುದಿಲ್ಲ, ತುಂಡು ತುಂಡಾಗುತ್ತದೆ, ತುಂಡಿನ ಸಂದಿಯಲ್ಲಿ ಫ್ರೇಮ್ ಬಿದ್ದುಹೋಗುತ್ತವೆ. ಎಂಕೆವಿ ಕೇಳುವುದಕ್ಕೆ ಇನ್ನೊಂದು ಕಾರಣ ಕರೆಂಟ್. ರೆಕಾರ್ಡ್ ಆಗುತ್ತಿರುವಾಗ ಕರೆಂಟ್ ಹೋದರೆ ಸಾದಾ ಎಂಪಿ4 ಫೈಲ್ ತೆರೆಯುವುದೇ ಇಲ್ಲ, ಅದರ ಸೂಚಿ ಕೊನೆಯಲ್ಲಿ ಬರೆಯಲ್ಪಡುತ್ತದೆ. ಎಂಕೆವಿಯಲ್ಲಿ ಅಲ್ಲಿಯವರೆಗಿನದು ಉಳಿಯುತ್ತದೆ. ಅಂಗಡಿಯಲ್ಲಿ ಕಂಪ್ಯೂಟರಿಗೆ ಯುಪಿಎಸ್ ಇದೆ, ವಿಸಿಆರ್‌ಗೆ ಇಲ್ಲ. ಇದು ತಪ್ಪು: ಡ್ರಮ್‌ಗೆ ಸುತ್ತಿಕೊಂಡ ಟೇಪ್ ನಡುವೆಯೇ ನಿಂತು, ಕರೆಂಟ್ ಬಂದಾಗ ಎಳೆದು ಸುಕ್ಕಾಗುವುದು ಹೀಗೆಯೇ. ಹೇಳಿ ಬಂದಿದ್ದೇವೆ.

ಮಿನಿ ಡಿವಿಯಲ್ಲಿ ಮೊದಲ ಕಂತು ಪೂರ್ತಿ ದಂಡ. ನಾಲ್ಕನ್ನೂ ಕ್ಯಾಮೆರಾದಿಂದ ಹಳದಿ ವೈರ್ ಹಾಕಿ ವಿಎಚ್‌ಎಸ್ ತೆಗೆದ ಹಾಗೆಯೇ ತೆಗೆದಿದ್ದರು. ಮಿನಿ ಡಿವಿ ಟೇಪಿನ ಮೇಲೆ ಇರುವುದು ಡಿಜಿಟಲ್ ಅಂಕಿಗಳೇ. ಫೈರ್‌ವೈರ್ ಎಂಬ ಡಿಜಿಟಲ್ ಕೇಬಲ್‌ನಲ್ಲಿ ತೆಗೆದರೆ ಅದು ನಕಲು, ಒಂದು ಅಂಕಿಯೂ ಬದಲಾಗದೆ ಗಂಟೆಗೆ ಸುಮಾರು 13 ಜಿಬಿ ಬರುತ್ತದೆ. ಜೊತೆಗೆ ಕ್ಯಾಮೆರಾದಲ್ಲಿ ಗಡಿಯಾರ ಸರಿಯಿಟ್ಟಿದ್ದರೆ ಪ್ರತಿ ಶಾಟ್‌ನ ದಿನಾಂಕ, ಗಂಟೆ, ನಿಮಿಷವೂ ಫೈಲಿನೊಳಗೆ ಬರುತ್ತದೆ. ಮೆರವಣಿಗೆ ಮೊದಲೋ ಕಲ್ಲೆಸೆತ ಮೊದಲೋ ಎಂಬ ಪ್ರಶ್ನೆ ಬಂದಾಗ ಅದಕ್ಕಿಂತ ದೊಡ್ಡ ಸಾಕ್ಷಿ ಬೇರೆ ಇಲ್ಲ. ಹಳದಿ ವೈರ್‌ನಲ್ಲಿ ಇದೆಲ್ಲ ಸೋರಿಹೋಗುತ್ತದೆ. ಕೇಳಿದ ಮೇಲೆ ಮೂಲೆಯ ಹಳೆ ಡೆಸ್ಕ್‌ಟಾಪ್‌ನಲ್ಲಿ ಫೈರ್‌ವೈರ್ ಕಾರ್ಡ್ ಇರುವುದು ಗೊತ್ತಾಯಿತು, ಧೂಳು ಒರೆಸಿ ಓಡಿಸಿದರು. ವೈರ್ ಚುಚ್ಚುವಾಗ ಕ್ಯಾಮೆರಾ, ಕಂಪ್ಯೂಟರ್ ಎರಡೂ ಆಫ್ ಇರಲಿ, ಆನ್ ಇದ್ದಾಗ ಚುಚ್ಚಿ ಪೋರ್ಟ್ ಸುಟ್ಟ ಕ್ಯಾಮೆರಾಗಳು ಬೇಕಾದಷ್ಟಿವೆ.

ಒಂದು ಟೇಪ್ ಅವರ ಕ್ಯಾಮೆರಾದಲ್ಲಿ ಚೌಕ ಚೌಕವಾಗಿ ಒಡೆಯಿತು. ಟೇಪ್ ಕೆಟ್ಟಿದೆ ಅಂದರು. ಕೆಟ್ಟಿರಲಿಲ್ಲ, ಅದು ಡಿವಿಕ್ಯಾಮ್. ಸೋನಿ ಪಿಡಿ-150, ಪಿಡಿ-170 ಕ್ಯಾಮೆರಾಗಳಲ್ಲಿ ಅದೇ ಮಿನಿ ಡಿವಿ ಕ್ಯಾಸೆಟ್‌ಗೆ ಟೇಪನ್ನು ಒಂದೂವರೆ ಪಟ್ಟು ವೇಗದಲ್ಲಿ ಓಡಿಸಿ ತೆಗೆಯುವ ಆಯ್ಕೆ ಇದೆ, 60 ನಿಮಿಷದ ಕ್ಯಾಸೆಟ್ 40ಕ್ಕೆ ಮುಗಿಯುತ್ತದೆ. ಸುದ್ದಿ ಮಾಡುವವರು ಬಳಸಿದ ಟೇಪ್ ಆದರೆ ಮೊದಲು ಈ ಅನುಮಾನ ಪಡಬೇಕು. ಮನೆ ಬಳಕೆಯ ಕ್ಯಾಮೆರಾಗಳಲ್ಲಿ ಹಲವು ಇದನ್ನು ಓದುವುದಿಲ್ಲ, ಅದೇ ಜಾತಿಯ ಕ್ಯಾಮೆರಾ ಬಾಡಿಗೆಗೆ ತರಬೇಕು.

ಹೈ-8 ಸಲೀಸಾಗಿ ಬಂತು, ಹೇಳುವಂಥದ್ದೇನಿಲ್ಲ.

ಫೈಲ್ ತೆಗೆದುಕೊಳ್ಳುವಾಗ ಅಲ್ಲೇ ಕೂತು ನೋಡಿ. ಮೊದಲ ನಿಮಿಷ ಎಲ್ಲರೂ ನೋಡುತ್ತಾರೆ, ನೀವು ಕೊನೆಯ ಐದು ನಿಮಿಷ ನೋಡಿ. ಫ್ರೇಮ್ ಬಿದ್ದಿದ್ದರೆ ಕೊನೆಗೆ ಹೋಗುವಷ್ಟರಲ್ಲಿ ತುಟಿಗೂ ಮಾತಿಗೂ ತಾಳೆ ತಪ್ಪಿರುತ್ತದೆ. ಕೈ ಬೀಸುವ ಅಥವಾ ಬಸ್ ಹಾದುಹೋಗುವ ಶಾಟ್ ಹುಡುಕಿ ಒಂದೊಂದೇ ಫ್ರೇಮ್ ಸರಿಸಿ: ಅಂಚಿನಲ್ಲಿ ಬಾಚಣಿಗೆ ಗೆರೆ ಕಂಡರೆ ಇಂಟರ್‌ಲೇಸ್ ಉಳಿದಿದೆ, ಒಳ್ಳೆಯದು. ಎರಡು ಕೈ ದೆವ್ವದ ಹಾಗೆ ಒಂದರ ಮೇಲೊಂದು ಕಂಡರೆ ಬೆರೆಸಿದ್ದಾರೆ, ವಾಪಸ್ ಕೊಡಿ. ಫೈಲಿನ ಹೆಸರು ಕ್ಯಾಸೆಟ್ ಮೇಲೆ ಬರೆದ ನಂಬರೇ ಆಗಿರಲಿ, ಲೇಬಲ್‌ನ ಫೋಟೊ ಅದೇ ಫೋಲ್ಡರಿನಲ್ಲಿರಲಿ. ಕ್ಯಾಸೆಟ್ ಕೊಡುವ ಮುಂಚೆ ವಿಎಚ್‌ಎಸ್‌ನ ಬೆನ್ನಿನ ಸಣ್ಣ ಪ್ಲಾಸ್ಟಿಕ್ ತುಂಡು ಮುರಿದಿದೆಯೇ, ಮಿನಿ ಡಿವಿಯ ಗುಬುಟು ‘ಸೇವ್’ ಕಡೆಗಿದೆಯೇ ನೋಡಿ. ಇಲ್ಲದಿದ್ದರೆ ಒಂದು ತಪ್ಪು ಗುಂಡಿ, ಇಡೀ ಸಭೆ ಅಳಿಸಿಹೋಗುತ್ತದೆ.

ದರ ವಿಎಚ್‌ಎಸ್‌ಗೆ 350 ರೂಪಾಯಿ, ಮಿನಿ ಡಿವಿ ಮತ್ತು ಹೈ-8ಗೆ 300, ಬೂಷ್ಟು ತೆಗೆಯಲು 250 ಹೆಚ್ಚು, ಜೋಡಿಸಲು 200. ‘ಕ್ಲಿಯರ್’ ಬೇಡ ಅಂದರೆ ಕಡಿಮೆಯಾಗುವುದಿಲ್ಲ, ಆಗಬೇಕೆಂದು ಕೇಳುವುದೂ ತರವಲ್ಲ. ಬೂಷ್ಟು ತೆಗೆದ ಆ ಕೈಗೆ 250 ಕಡಿಮೆಯೇ. ಮೂರು ಗಂಟೆಯ ಕ್ಯಾಸೆಟ್‌ಗೆ ಮೂರು ಗಂಟೆಯೇ ಬೇಕು, ದಿನಕ್ಕೆ ನಾಲ್ಕೈದಕ್ಕಿಂತ ಹೆಚ್ಚು ಆಗದು. ಮದುವೆ ಸೀಸನ್‌ನಲ್ಲಿ ಅದೂ ಇಲ್ಲ. ನಮ್ಮ 11ಕ್ಕೆ ಎರಡು ಕಂತು ಸೇರಿ ಮೂರು ವಾರ.

ಇವರ ಕೈಗೆ ಕೊಡಬಾರದ್ದೂ ಇದೆ. ಟಿವಿ ಕೇಂದ್ರಗಳು ಬಳಸುತ್ತಿದ್ದ ಯು-ಮ್ಯಾಟಿಕ್, ಬೀಟಾಕ್ಯಾಮ್ ಟೇಪ್‌ಗಳನ್ನು ಇವರ ಯಂತ್ರ ನುಂಗುವುದಿಲ್ಲ, ಹಂಪಿ ಎಕ್ಸ್‌ಪ್ರೆಸ್ ಹತ್ತಿ ಬೆಂಗಳೂರಿಗೋ, ರಾಯಚೂರಿನವರು ಹೈದರಾಬಾದಿಗೋ ಒಯ್ಯಬೇಕು. ಅಮೆರಿಕದಿಂದ ಬಂದ, ಅಲ್ಲಿಯ ಟಿವಿ ಪದ್ಧತಿಯಾದ ಎನ್‌ಟಿಎಸ್‌ಸಿ ಕ್ಯಾಸೆಟ್ ಇದ್ದರೆ ಅದು 525 ಗೆರೆಯದ್ದು ಎಂದು ಮೊದಲೇ ಹೇಳಿ. 16 ಎಂಎಂ ಫಿಲ್ಮ್ ಸಿಕ್ಕರೆ ಪ್ರೊಜೆಕ್ಟರ್‌ನಲ್ಲಿ ಗೋಡೆಗೆ ಬಿಟ್ಟು ಮೊಬೈಲಿನಲ್ಲಿ ತೆಗೆದುಕೊಡುತ್ತೇವೆ ಅನ್ನುವವರು ಇದ್ದಾರೆ, ಒಪ್ಪಬೇಡಿ. ಡಬ್ಬಿ ತೆರೆದಾಗ ವಿನೆಗರ್ ವಾಸನೆ ಬಂದರೆ ಫಿಲ್ಮ್ ಕೊಳೆಯುತ್ತಿದೆ, ಕುಗ್ಗಿರುತ್ತದೆ, ಪ್ರೊಜೆಕ್ಟರಿನ ಹಲ್ಲಿಗೆ ಸಿಕ್ಕರೆ ಹರಿಯುತ್ತದೆ. ಅದಕ್ಕೆ ಸ್ಕ್ಯಾನರ್ ಬೇಕು. ತುಂಗಭದ್ರಾ ಅಣೆಕಟ್ಟಿನ ಕಾಲದ ಸರ್ಕಾರಿ ಚಿತ್ರ ಹುಡುಕುವವರು ಅಂಗಡಿಗಳನ್ನು ಬಿಟ್ಟು ನೇರ ಎನ್‌ಎಫ್‌ಡಿಸಿಗೆ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ಬರೆಯಿರಿ. 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್, 1964ರಲ್ಲಿ ಶುರುವಾದ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಎರಡೂ 2022ರಿಂದ ಅದರೊಳಗೇ ಸೇರಿವೆ.

ಫೈಲ್ ಕೈಗೆ ಬಂದ ಮಾತ್ರಕ್ಕೆ ದೃಶ್ಯ ನಿಮ್ಮದಾಗುವುದಿಲ್ಲ. ಅಂಗಡಿಯವರು “ನಮ್ಮದೇ ಶೂಟಿಂಗ್ ಸಾರ್, ಹಾಕ್ಕಳಿ” ಎಂದು ತಮ್ಮ ಅಲ್ಮಾರಿನ ಕ್ಯಾಸೆಟ್ ಕೊಟ್ಟರೂ ಅವಸರ ಬೇಡ. 1957ರ ಕಾಪಿರೈಟ್ ಕಾಯ್ದೆಯ 17ನೇ ಸೆಕ್ಷನ್ ಪ್ರಕಾರ ಹಣ ಕೊಟ್ಟು ತೆಗೆಸಿದ ಚಿತ್ರದ ಮೊದಲ ಹಕ್ಕು, ಬೇರೆ ಒಪ್ಪಂದ ಇಲ್ಲದಿದ್ದರೆ, ತೆಗೆಸಿದವರದು. ಅಂದರೆ ಮದುವೆ ಕ್ಯಾಸೆಟ್ ಆ ಮನೆಯವರದು, ಸಭೆಯ ಕ್ಯಾಸೆಟ್ ಹಣ ಕೊಟ್ಟ ಪಕ್ಷದ್ದೋ ಅಭ್ಯರ್ಥಿಯದ್ದೋ. ಸ್ಟುಡಿಯೊದವರು ತಾವೇ ತಮ್ಮ ಖರ್ಚಿನಲ್ಲಿ ತೆಗೆದಿದ್ದರೆ ಮಾತ್ರ ಅವರ ಸಹಿ ಸಾಕು. ಒಪ್ಪಿಗೆ ಪತ್ರದಲ್ಲಿ ಕ್ಯಾಸೆಟ್ ನಂಬರ್, ಬಳಸುವ ನಿಮಿಷ, ಎಲ್ಲಿ ತೋರಿಸುತ್ತೀರಿ, ಎಷ್ಟು ವರ್ಷ ಇಷ್ಟೂ ಬರೆಸಿ. ಸಿನಿಮಾದ ಹಕ್ಕು ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ ಇರುತ್ತದೆ, ಹಾಗಾಗಿ ವಿಎಚ್‌ಎಸ್ ಕಾಲದ ಯಾವುದರ ಹಕ್ಕೂ ಇನ್ನೂ ಮುಗಿದಿಲ್ಲ. ಮೇಲೆ ಹಾಕಿದ ಸಿನಿಮಾ ಹಾಡಿನ ಹಕ್ಕು ಮತ್ತೆ ಬೇರೆ. ಹೈ-ಫೈ ಟ್ರ್ಯಾಕ್ ಸಿಕ್ಕರೆ ಆ ತಲೆನೋವೂ ತಪ್ಪುತ್ತದೆ.

ಕೆಲಸ ಆದಮೇಲೆ ಕ್ಯಾಸೆಟ್ಟನ್ನು ಅಂಗಡಿಯಲ್ಲಿ ಬಿಡಬೇಡಿ, ಕೇಳದಿದ್ದರೆ ಅವರು ಗುಜರಿಗೆ ಹಾಕುತ್ತಾರೆ. ಕೊನೆಯವರೆಗೆ ಸುತ್ತಿಸಿ, ಪುಸ್ತಕದ ಹಾಗೆ ನಿಲ್ಲಿಸಿ ಇಡಿ. ಏಪ್ರಿಲ್, ಮೇ ತಿಂಗಳಲ್ಲಿ ಬಳ್ಳಾರಿಗೆ ತರುವುದಾದರೆ ಬೆಳಗ್ಗೆ ಹತ್ತರೊಳಗೆ ತನ್ನಿ, ಸ್ಕೂಟರ್ ಡಿಕ್ಕಿಯಲ್ಲಿ ಬೇಡ. ಅಂಗಡಿ ತೆರೆಯುವುದು ಹತ್ತೂವರೆಗೆ, ಎದುರಿನ ಹೋಟೆಲಿನಲ್ಲಿ ಚೀಲ ಕಾಲ ಹತ್ತಿರ ನೆರಳಲ್ಲಿಟ್ಟು ಕಾಯಬಹುದು.